ಬಾಗಿಲು ಬಂದ ವಾರ

ಪ್ರತಿ ಭಾನುವಾರ ಸಂಜೆ ನನ್ನ ಚಿಗವ್ವ ರತ್ನವ್ವ ಮತ್ತು ನಾನು ಹಿಂದಿನ ಖೋಲಿಯ ಗೋಡೆಯನ್ನು ಖಾಲಿ ಮಾಡುತ್ತೇವೆ. ಗೋಡೆಗೆ ಆನಿಸಿಟ್ಟ ಕೌದಿಗಳ ಗಂಟನ್ನು ಆ ತುದಿಗೆ ಅವಳು, ಈ ತುದಿಗೆ ನಾನು ಹಿಡಿದು ನಡುಮನೆಗೆ ಒಯ್ಯುತ್ತೇವೆ. ಆಮೇಲೆ ಟ್ರಂಕು, ಜೋಳದ ಡಬ್ಬಿ, ಮೊಳೆಯಲ್ಲಿ ತೂಗುವ ಕ್ಯಾಲೆಂಡರು. ಮಾತು ಬೇಕಾಗುವುದಿಲ್ಲ. ಚಿಗವ್ವ ಹುಬ್ಬೆತ್ತಿದರೆ ಟ್ರಂಕು ಎತ್ತಬೇಕು, ಗದ್ದ ಆಡಿಸಿದರೆ ಇಳಿಸಬೇಕು. ಕೊನೆಗೆ ಅವಳು ಹಸಿ ಬಟ್ಟೆಯಿಂದ ಗೋಡೆ ಒರೆಸುತ್ತಾಳೆ, ನಾನು ಅದರ ಬುಡದ ಕಸ ಗುಡಿಸುತ್ತೇನೆ. ಆ ಹೊತ್ತಿಗೆ ಊರಿನ ಎಲ್ಲ ಮನೆಗಳಲ್ಲೂ ಇದೇ ಕೆಲಸ. ಓಣಿಯಲ್ಲಿ ನಿಂತರೆ ಟ್ರಂಕು ಎಳೆಯುವ ಸದ್ದು ಒಂದು ಮನೆಯಿಂದ ಇನ್ನೊಂದು ಮನೆಗೆ ಹೋಗುತ್ತಿರುವುದು ಕೇಳುತ್ತದೆ.

ಸೋಮವಾರ ಹಲ್ಲುಜ್ಜುವ ಹೊತ್ತಿಗೆ ಯಾರದಾದರೂ ಒಬ್ಬರ ಗೋಡೆಯಲ್ಲಿ ಶಾಲೆಯ ಬಾಗಿಲು ಬಂದಿರುತ್ತದೆ. ಎರಡು ಕದದ ಹಸಿರು ಬಾಗಿಲು. ಎಡಗಡೆಯ ಕದದಲ್ಲಿ ಬಣ್ಣ ಎದ್ದುಹೋಗಿ ಆಡಿನ ಮುಖದಂಥ ಒಂದು ಕಲೆ. ಅದನ್ನು ತೆರೆದರೆ ಬೇವಿನ ಮರವಿರುವ ಅಂಗಳ, ಸುತ್ತಲೂ ಕ್ಲಾಸುಗಳು, ಮೂಲೆಯಲ್ಲಿ ಅಡುಗೆ ಕೋಣೆ. ಮುಂದಿನ ಭಾನುವಾರ ಮಧ್ಯಾಹ್ನದ ಊಟದ ಹೊತ್ತಿಗೆ ಗೋಡೆ ಮತ್ತೆ ಬರೀ ಗೋಡೆ. ಬಾಗಿಲು ಯಾರ ಮನೆಗೆ ಬಂತೋ ಆ ವಾರ ಶಾಲೆಯ ಹಿರೇತನ ಆ ಮನೆಯದು. ಶಾಲೆ ಎಷ್ಟು ಹೊತ್ತಿಗೆ ಶುರುವಾಗಬೇಕು, ಸಾರಿಗೆ ಏನು ಹಾಕಬೇಕು, ಯಾವ ಪಾಠ ಹೆಚ್ಚು ಬೇಕು, ಎಲ್ಲ ಅವರೇ ಹೇಳಬೇಕು. ಬುಟ್ಟಿ ಹೆಣೆಯುವವರ ವಾರದಲ್ಲಿ ಮಕ್ಕಳು ವೃತ್ತದ ಲೆಕ್ಕವನ್ನು ಬುಟ್ಟಿಯ ತಳ ಹೆಣೆದು ಕಲಿತರು. ಕೋಳಿ ಸಾಕುವ ಮನೆಯ ವಾರದಲ್ಲಿ ದಿನಾ ಮೊಟ್ಟೆ. ಅಷ್ಟು ದಿನ ಕೈಕಟ್ಟಿ ನಿಲ್ಲುತ್ತಿದ್ದ ಹೆಂಗಸರು ತಮ್ಮ ಖೋಲಿಯಲ್ಲಿ ನಿಂತು ರಾಚಪ್ಪ ಮಾಸ್ತರರಿಗೆ, “ಈ ವಾರ ಮಗ್ಗಿ ಆಮ್ಯಾಲ, ಮೊದಲ ಹಾಡು ಹೇಳಸ್ರಿ,” ಎನ್ನುವುದನ್ನು ನೋಡಲು ಚಂದ. ಮಾಸ್ತರರು ಹೆಡ್ಮಾಸ್ತರರು, ಆದರೆ ಹೂಂ ಎನ್ನುವುದರಲ್ಲೇ ಅವರ ಅರ್ಧ ಆಯುಷ್ಯ ಹೋಗಿದೆ.

ಎಡವಟ್ಟಾಗಿದ್ದು ಬೇರೆ ಕಡೆ. ನಮ್ಮ ಊರಿನವರು ಬಹಳ ಮರ್ಯಾದಸ್ಥರು. ಒಂದು ಮನೆಯವರು ಹೇಳಿದ್ದನ್ನು ಇನ್ನೊಂದು ಮನೆಯವರು ಬೇಡ ಎನ್ನುವುದಿಲ್ಲ. ಅವರ ಮಾತು ತೆಗೆದುಹಾಕಿದರೆ ಅವರಿಗೆ ಬೇಜಾರಾಗುತ್ತದೆ ಎಂದು ಅದನ್ನು ಹಾಗೇ ಬಿಟ್ಟು, ತಮ್ಮದೊಂದನ್ನು ಸೇರಿಸುತ್ತಾರೆ. ಬಳೆ ಮಾರುವ ಮಾಬೂಬಿಯ ಮನೆಗೆ ಬಾಗಿಲು ಬಂದಾಗ ಅವಳ ಖೋಲಿಯ ತುಂಬ ಬಳೆಯ ಸರಗಳಿದ್ದವು. ಅದಕ್ಕೇ ಮಕ್ಕಳು ಎರಡೂ ಕೈ ಮೇಲೆತ್ತಿ ನಡೆದು ಬರಬೇಕು ಎಂದಳು. ಅಂದಿನಿಂದ ಯಾರ ಮನೆಗೆ ಬಾಗಿಲು ಬಂದರೂ ಮಕ್ಕಳು ಕೈ ಮೇಲೆತ್ತಿಯೇ ನಡೆಯುತ್ತಾರೆ. ಒಂದು ಮನೆಯ ಚೌಕಟ್ಟು ಗಿಡ್ಡ, ಅದಕ್ಕೆ ಎಲ್ಲರೂ ಎಲ್ಲೆಲ್ಲೂ ಬಗ್ಗುತ್ತಾರೆ. ಒಂದು ಮನೆಯಲ್ಲಿ ಕೂಸು ಮಲಗಿತ್ತು, ಅದಕ್ಕೆ ಪ್ರಾರ್ಥನೆಯ ತನಕ ಪಿಸುಮಾತು. ಆ ಕೂಸು ಈಗ ಎರಡನೇ ಕ್ಲಾಸಿನಲ್ಲಿ ಕೂತು ತಾನೂ ಪಿಸುಗುಟ್ಟುತ್ತಿದೆ. ದುಂಡವ್ವನ ಮನೆಯಲ್ಲಿ ಕಚ್ಚುವ ನಾಯಿ ಇತ್ತು. ಅದಕ್ಕೆ ಪ್ರತಿಯೊಂದು ಮಗು ಹೊಸ್ತಿಲಲ್ಲಿ ನಿಂತು, “ನಾಯಿ ಕಟ್ಟೀರೇನ್ರೀ?” ಎಂದು ಕೇಳಬೇಕು, ಮನೆಯವರು “ಕಟ್ಟೀವಿ, ಬರ್ರಿ” ಎನ್ನಬೇಕು. ನಾಯಿ ಸತ್ತು ಎಷ್ಟೋ ಕಾಲವಾಗಿದೆ. ಹೀಗೆ ಎಲ್ಲವನ್ನೂ ಮುಗಿಸಿ ಮಕ್ಕಳು ತಮ್ಮ ಜಾಗಕ್ಕೆ ಬಂದು ಕೂರುವಷ್ಟರಲ್ಲಿ ಅನ್ನದ ಗಂಟೆ ಬಾರಿಸುತ್ತದೆ.

ನನ್ನ ಓದು ನಿಂತಿದ್ದೂ ಇಂಥದರಿಂದಲೇ. ನಾನು ಏಳನೇ ಕ್ಲಾಸಿನಲ್ಲಿದ್ದಾಗ ಬಾಗಿಲು ಮೈಕ್‌ಸೆಟ್ ಬಾಡಿಗೆ ಕೊಡುವ ತೋಟಪ್ಪ ಕಾಕಾನ ಮನೆಗೆ ಬಂತು. ಉತ್ತರ ಹೇಳಿದರೆ ಹಿಂದಿನ ಗೋಡೆಯ ತನಕ ಕೇಳಬೇಕು, ಕೇಳದಿದ್ದವರು ಹೊರಗೆ ಕೂರಬೇಕು ಎಂದು ಅವನು ಹೇಳಿದ. ನನ್ನ ದನಿ ಮುಂದಿನ ಬೆಂಚಿನ ತನಕವೂ ಹೋಗುತ್ತಿರಲಿಲ್ಲ. ಹೊರಗೆ ಕೂತೆ. ಮುಂದಿನ ವಾರ ಬಾಗಿಲು ಬೇರೆ ಮನೆಗೆ ಹೋಯಿತು, ನಾನು ಆ ಮನೆಯ ಕಟ್ಟೆಯ ಮೇಲೆ ಕೂತೆ. ಅದರ ಮುಂದಿನ ವಾರ ಇನ್ನೊಂದು ಕಟ್ಟೆ. ಬರಿಗೈಯಲ್ಲಿ ಕೂರುವುದೇಕೆ ಎಂದು ಚಿಗವ್ವ ಕೈಗೆ ಸೂಜಿ ಕೊಟ್ಟಳು. ಹಳೆ ಸೀರೆಯ ತುಂಡುಗಳನ್ನು ಒಂದರ ಮೇಲೊಂದು ಇಟ್ಟು ಹೊಲಿಯುತ್ತ ಒಳಗಿನ ಪಾಠ ಕೇಳುತ್ತಿದ್ದೆ. ಕೌದಿ ದೊಡ್ಡದಾಗುತ್ತ ಹೋದ ಹಾಗೆ ಅದನ್ನು ಹೊತ್ತುಕೊಂಡು ಮನೆಮನೆ ಅಲೆಯುವುದು ಕಷ್ಟವಾಯಿತು, ಮನೆಯಲ್ಲೇ ಉಳಿದೆ. ಯಾರೂ ನನ್ನನ್ನು ಶಾಲೆ ಬಿಡಿಸಲಿಲ್ಲ. ಯಾರೂ ಒಳಗೆ ಬಾ ಎಂದೂ ಕರೆಯಲಿಲ್ಲ.

ಎಷ್ಟೋ ವರ್ಷದ ಮೇಲೆ ಒಂದು ಸೋಮವಾರ ನಾನು ಹಿಂದಿನ ಖೋಲಿಗೆ ಜೋಳ ತರಲು ಹೋದರೆ ಗೋಡೆಯಲ್ಲಿ ಆಡಿನ ಮುಖ ನನ್ನನ್ನೇ ನೋಡುತ್ತಿತ್ತು.

“ಚಿಗವ್ವಾ,” ಎಂದೆ.

ಅವಳು ಬಂದು ನೋಡಿ ಸೊಂಟಕ್ಕೆ ಕೈ ಇಟ್ಟುಕೊಂಡು ನಿಂತಳು. “ಅಂತೂ ದಾರಿ ಗೊತ್ತಾತು ಇದಕ್ಕ,” ಎಂದಳು. ಆಮೇಲೆ ನನ್ನ ಕಡೆ ತಿರುಗಿ, “ನಾ ಸಾಲಿ ಮೆಟ್ಟಲಾ ಹತ್ತಿದಾಕಿ ಅಲ್ಲ. ಹಿರೇತನ ನಿಂದು. ನನಗ ಬ್ಯಾರೆ ಕೆಲಸ ಐತಿ,” ಎಂದು ಒಲೆಯ ಮುಂದೆ ಹೋಗಿ ಕೂತುಬಿಟ್ಟಳು.

ಮಕ್ಕಳು ಬಂದರು. ಕೈ ಮೇಲೆತ್ತಿ, ಬಗ್ಗಿ, ನಮ್ಮ ನಡುಮನೆಯ ಕೌದಿ ಗಂಟುಗಳ ನಡುವೆ ಸಾಲಾಗಿ ನಿಂತರು. ಮೊದಲನೇ ಹುಡುಗಿ ಪಿಸುದನಿಯಲ್ಲಿ, “ನಾಯಿ ಕಟ್ಟೀರೇನ್ರೀ?” ಎಂದಳು. ಕಟ್ಟೀವಿ ಎನ್ನಬೇಕಿತ್ತು ನಾನು. ಅಷ್ಟು ಕಣ್ಣುಗಳು ಒಟ್ಟಿಗೇ ನೋಡುತ್ತಿದ್ದವು, ನಾನು ಬಗ್ಗಿ ಕೌದಿಯ ಗಂಟು ಬಿಗಿ ಮಾಡತೊಡಗಿದೆ. ಹುಡುಗಿ ಮತ್ತೆ ಕೇಳಿದಳು. ಸಾಲು ಅಂಗಳ ದಾಟಿ ಓಣಿಯ ತನಕ ಬೆಳೆಯಿತು. ಸಾಲಿನ ಕೊನೆಯಲ್ಲಿ ಯಾರೋ, “ಇವರ ಮನ್ಯಾಗ ನಾಯಿ ಭಾಳ ದೊಡ್ಡದು ಕಾಣ್ತೈತಿ,” ಎಂದರು. ಕಡೆಗೆ ಚಿಗವ್ವ ಒಲೆಯ ಮುಂದಿನಿಂದಲೇ, “ಕಟ್ಟೀವಿ! ಹೂತೀವಿ! ಬರ್ರಿ!” ಎಂದು ಕೂಗಿದಳು. ಮಕ್ಕಳು ನಗುತ್ತ ಒಳಗೆ ನುಗ್ಗಿದರು.

ನಾನು ಹೊಸ್ತಿಲ ಈಚೆಗೇ ನಿಂತೆ. ಬೇವಿನ ಮರ ದಪ್ಪವಾಗಿತ್ತು. ಏಳನೇ ಕ್ಲಾಸಿನ ಕಿಟಕಿಗೆ ಹೊಸ ಬಣ್ಣ. ಬಾಗಿಲು ನನ್ನ ಮನೆಯದು, ಹಿರೇತನ ನನ್ನದು, ಆದರೆ ತೋಟಪ್ಪ ಕಾಕಾನ ಮಾತು ಇನ್ನೂ ನಡೆಯುತ್ತಿತ್ತು. ನನ್ನ ದನಿ ಹಿಂದಿನ ಗೋಡೆಯ ತನಕ ಹೋಗದ ಮೇಲೆ ನಾನು ಕೂರಬೇಕಾದದ್ದು ಹೊರಗೆ. ಕೂತೆ. ಕೌದಿ ಹೊಲಿದೆ.

ಬುಧವಾರ ಶಿಕ್ಷಣ ಇಲಾಖೆಯ ಸಾಹೇಬರು ಬಂದರು. ನಮ್ಮ ಊರಿನ ಸರ್ಕಾರಿ ಕಟ್ಟಡಕ್ಕೆ ಹೊಸದಾಗಿ ಬಂದವರು, ತೆಳ್ಳಗಿನ ಮನುಷ್ಯ, ಕೊರಳಿಗೆ ಕರವಸ್ತ್ರ ಸುತ್ತಿಕೊಂಡಿದ್ದರು. ಶಾಲೆ ನೋಡಬೇಕು ಎಂದರು. ರಾಚಪ್ಪ ಮಾಸ್ತರರು ಸಂಕೋಚದಿಂದಲೇ ಅವರ ಎರಡೂ ಕೈ ಮೇಲೆತ್ತಿಸಿದರು, ಬಗ್ಗಿಸಿದರು, ಕಿವಿಯಲ್ಲಿ ಪಿಸುಗುಟ್ಟಿ ನಾಯಿಯ ಪ್ರಶ್ನೆ ಹೇಳಿಕೊಟ್ಟರು.

“ನಾಯಿ ಎಲ್ಲೈತಿ?” ಎಂದರು ಸಾಹೇಬರು.

“ನಾಯಿ ಸತ್ತೈತ್ರಿ ಸರ,” ಎಂದಿತು ಒಂದು ಮಗು.

“ಸತ್ತದ್ದನ್ನ ಕಟ್ಟೀರೇನು ಅಂತ ಯಾಕ ಕೇಳೂದು?”

“ಕೇಳದಿದ್ರ ದುಂಡವ್ವಗ ಬೇಜಾರಾಗ್ತೈತ್ರಿ.”

ಸಾಹೇಬರು ಒಳಗೆ ಹೋಗಿ ಕೂರುವಷ್ಟರಲ್ಲಿ ಅನ್ನದ ಗಂಟೆ ಆಯಿತು. ಊಟ ಮಾಡಿಕೊಂಡು ಹೊರಬಂದು, ನಮ್ಮ ನಡುಮನೆಯಲ್ಲಿ ಕೌದಿ ಗಂಟಿನ ಮೇಲೆ ಕೂತು, ಸೇರಿದ್ದ ಊರವರಿಗೆ ತಮ್ಮ ನಿರ್ಧಾರ ಹೇಳಿದರು. ಅವರು ಸಿಟ್ಟಿನ ಮನುಷ್ಯ ಅಲ್ಲ, ದಣಿದ ಮನುಷ್ಯ. “ಹಿಂಗ ಮನಿಗೊಂದು ಹಿರೇತನ ಆದ್ರ ಮಕ್ಕಳು ಓದೂದು ಯಾವಾಗ? ಬಾಗಲಾ ನನ್ನ ಕಚೇರಿ ಗ್ವಾಡಿಗೆ ಬರಲಿ, ಅಲ್ಲೇ ಇರಲಿ. ಈ ಭಾನುವಾರ ಯಾರೂ ಗ್ವಾಡಿ ಖಾಲಿ ಮಾಡಬ್ಯಾಡ್ರಿ. ನಂದೊಂದs ಖಾಲಿ ಇದ್ರ ಅದು ಬ್ಯಾರೆ ಎಲ್ಲಿ ಹೋಗ್ತೈತಿ? ಈಗಿರೂ ನಿಯಮ ಎಲ್ಲಾ ಹಂಗs ಇರಲಿ, ನಿಮ್ಮ ಮನಸ್ಸು ನೋಯಿಸೂದಿಲ್ಲ. ಇನ್ನ ಮ್ಯಾಲೆ ಹೊಸಾ ನಿಯಮ ಬ್ಯಾಡ, ಅಷ್ಟs.”

ಊರವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಮೂಲೆಯಲ್ಲಿ ಸೂಜಿ ಹಿಡಿದು ಕೂತಿದ್ದ ನನಗೆ ಎಲ್ಲರ ಮುಖವೂ ಕಾಣುತ್ತಿತ್ತು. ಅರ್ಧ ಜನರಿಗೆ ಇದು ಸರಿ ಅನ್ನಿಸಿತ್ತು. ಪ್ರತಿ ವಾರ ಟ್ರಂಕು ಎತ್ತಿ ಎತ್ತಿ ಸೊಂಟ ಹಿಡಿದವರು ತಲೆಯಾಡಿಸುತ್ತಿದ್ದರು. ಇದ್ದ ನಿಯಮ ಹಾಗೇ ಇರಲಿ ಎಂಬ ಮಾತು ಮಾತ್ರ ನನ್ನ ಕಿವಿಯಲ್ಲಿ ಉಳಿಯಿತು. ಹಾಗಾದರೆ ಹೊರಗೆ ಕೂತವಳು ಹೊರಗೇ. ಹೊರಗೆ ಕೂತು ಪಾಠ ಕೇಳಲು ಇನ್ನು ಮನೆಗಳೂ ಇರುವುದಿಲ್ಲ. ಒಂದು ಕಚೇರಿ, ಅದರ ಮುಂದೆ ಕಟ್ಟೆ ಕೂಡ ಇಲ್ಲ.

ಎಲ್ಲರೂ ಹೋದ ಮೇಲೆ ರಾಚಪ್ಪ ಮಾಸ್ತರರು ನನ್ನ ಹತ್ತಿರ ಬಂದರು. “ಕಸ್ತೂರಿ, ಈ ವಾರ ನಿನ್ನ ಮಾತವಾ. ಶನಿವಾರದೊಳಗ ನಿನ್ನ ನಿಯಮ ಏನಂತ ಹೇಳು. ಇದ ಕಡೀ ನಿಯಮ ಆಗೂ ಹಂಗ ಕಾಣ್ತೈತಿ.”

“ಎಲ್ಲಾರೂ ದಿನಕ್ಕ ಒಂದ ಹೊಲಿಗಿ ಹಾಕ್ಲಿ ಅನ್ನು,” ಎಂದಳು ಚಿಗವ್ವ. “ಮುಂಗಾರು ಬರೂದ್ರಾಗ ನಾಕ ಕೌದಿ ಆಗ್ತಾವು.”

ಗುರುವಾರ ನಾನು ಮನೆಮನೆಗೆ ಹೊರಟೆ. ಒಬ್ಬರ ಮುಂದೆ ನಿಂತು ಮಾತಾಡುವುದು ನನಗೆ ಬರುತ್ತದೆ. ಕಣ್ಣು ಅತ್ತಿತ್ತ ಇಡಲು ಏನಾದರೂ ಇದ್ದರೆ ಸಾಕು. ಮಾಬೂಬಿಯ ಮನೆಯಲ್ಲಿ ಬಳೆ ನೋಡುತ್ತ, “ಅಕ್ಕಾ, ಮಕ್ಕಳು ಇನ್ನೂ ಕೈ ಎತ್ತೇ ನಡೀಬೇಕೇನ್ರಿ?” ಎಂದೆ.

“ಯಾ ಅಲ್ಲಾ! ಇನ್ನೂ ಎತ್ತತಾರೇನು?” ಎಂದಳು ಅವಳು. “ನಾನು ದಿನಾ ಓಣ್ಯಾಗ ನೋಡ್ತೀನಿ, ಹುಡುಗ್ರು ಕೈ ಮ್ಯಾಲೆ ಮಾಡಿ ಹೊಂಟಿರತಾವು. ಯಾರೋ ಹೊಸಾ ಕಸರತ್ತು ಹಚ್ಯಾರ ಅಂದಕೊಂಡಿದ್ನೆವಾ. ನನ್ನ ಬಳಿ ಸರಾ ಎಲ್ಲಾ ಅಂಗಡಿಗೆ ಹೋಗ್ಯಾವು. ಬಿಡು ಅನ್ನು.”

“ನೀವs ಅನ್ರಿ.”

“ನಾ ಅಂದೆ, ಬಿಡು!” ಎಂದು ಅವಳು ನನ್ನ ಕೈ ಹಿಡಿದು ಹಸಿರು ಬಳೆ ಏರಿಸಿಯೇ ಕಳಿಸಿದಳು.

ದುಂಡವ್ವ ನಾಯಿಯ ಹೆಸರು ತೆಗೆದ ಕೂಡಲೇ ಸೆರಗಿನಿಂದ ಕಣ್ಣೊರೆಸಿಕೊಂಡಳು. ಆಮೇಲೆ ನಕ್ಕಳು. “ಅದನ್ನ ಮುಂಜಾಲೆ ಎದ್ದು ಊರs ಕೇಳ್ತಿರತೈತಿ, ಹೆಂಗ ಮರೀಲಿ ಹೇಳು? ಮಂದಿಗೆ ನನ್ನ ನಾಯಿ ಮ್ಯಾಲೆ ಪ್ರೀತಿ, ಅದಕ್ಕs ಕೇಳ್ತಾರ ಅಂತಿದ್ದೆ. ಬ್ಯಾಡ ಅನ್ನಾಕ ನನಗs ನಾಚಿಕಿ.” ಕೂಸಿನ ಮನೆಯಲ್ಲಿ, ಗಿಡ್ಡ ಚೌಕಟ್ಟಿನ ಮನೆಯಲ್ಲಿ, ಎಲ್ಲ ಕಡೆಯೂ ಇದೇ. ತಮ್ಮ ಮಾತು ಆ ವಾರಕ್ಕೇ ಮುಗಿಯಿತು ಎಂದುಕೊಂಡವರು ಕೆಲವರು. ಉಳಿದವರಿಗೆ ಊರೇ ಇಷ್ಟಪಟ್ಟು ಇಟ್ಟುಕೊಂಡಿದೆ ಎಂಬ ನಂಬಿಕೆ.

ತೋಟಪ್ಪ ಕಾಕಾನ ಮನೆಯನ್ನು ಕೊನೆಗೆ ಇಟ್ಟುಕೊಂಡಿದ್ದೆ. ಶುಕ್ರವಾರ ಸಂಜೆ ಅವನು ಅಂಗಳದಲ್ಲಿ ಕೂತು ಲೌಡ್‌ಸ್ಪೀಕರಿನ ಧೂಳು ಒರೆಸುತ್ತಿದ್ದ. ದೊಡ್ಡ ಮೀಸೆ, ದೊಡ್ಡ ದನಿ. “ಕಾಕಾ,” ಎಂದೆ. ಒರೆಸುತ್ತಲೇ ಇದ್ದ. ಮತ್ತೆ ಎಂದೆ. ಒಳಗಿನಿಂದ ಅವನ ಹೆಂಡತಿ ಸಾವಂತ್ರಿ ಕಾಕಿ ಹೊರಬಂದು, “ಅಯ್ಯ, ರತ್ನವ್ವನ ಹುಡುಗಿ ನಿಂತೈತಿ ನೋಡ್ರಿ!” ಎಂದು ಅವನ ಹೆಗಲು ತಟ್ಟಿದಳು.

“ಬಾರವಾ! ಮೈಕ್ ಬೇಕೇನ? ಯಾರ ಲಗ್ನ?”

“ಲಗ್ನ ಅಲ್ರೀ. ಸಾಲಿ ವಿಷಯ. ನಾನು ಇನ್ನೂ ಹೊರಗs ಕೂಡಬೇಕೇನ್ರಿ?”

ಅವನು ಕಿವಿಯ ಹಿಂದೆ ಕೈ ಇಟ್ಟು ಹೆಂಡತಿಯ ಕಡೆ ನೋಡಿದ. ಆಗ ನನಗೆ ಹೊಳೆಯಿತು, ಅವನ ಕಿವಿ ಅಷ್ಟಕ್ಕಷ್ಟೇ ಎಂದು. ದಿನಾ ಅವನ ದನಿ ಕೇಳಿದ್ದೆ, ಅವನಿಗೆ ಕೇಳುತ್ತದೋ ಇಲ್ಲವೋ ಎಂದು ಯಾವತ್ತೂ ನೋಡಿರಲಿಲ್ಲ. ಕಾಕಿ ಅವನ ಕಿವಿಯ ಹತ್ತಿರ ಬಗ್ಗಿ, ನಾನು ಹೇಳಿದ್ದನ್ನೂ ಹೇಳದೆ ಬಿಟ್ಟಿದ್ದನ್ನೂ ಸೇರಿಸಿ ಹೇಳಿದಳು. ಹುಡುಗಿ ಏಳನೇ ಕ್ಲಾಸಿನಿಂದ ಹೊರಗೆ ಕೂತಿದೆ, ನಿಮ್ಮ ಮಾತಿಗೇ ಕೂತಿದೆ, ನಮ್ಮ ಮಗಳು ಸುಮಾಳ ಲಗ್ನಕ್ಕಿಂತ ಮೊದಲಿನ ಮಾತು.

ತೋಟಪ್ಪ ಕಾಕಾ ಒರೆಸುವ ಬಟ್ಟೆ ಕೆಳಗಿಟ್ಟ.

“ಅಲ್ಲವಾ,” ಎಂದ. ಅವನ ದನಿ ಮೊದಲ ಸಲ ಸಣ್ಣದಾಗಿತ್ತು. “ನಾ ಮೂರನೇತ್ತಾ ಪಾಸಾದಾಂವ ಅಲ್ಲ. ಬಾಗಲಾ ನನ್ನ ಮನಿಗೆ ಬಂದಾಗ ಹಿಂದಿನ ಗ್ವಾಡಿಗೆ ಕುಂತು ನಾನೂ ಒಂದ ವಾರ ಪಾಠಾ ಕೇಳೂಣು ಅಂತ ಆಸೆ ಆತು. ಹುಡುಗ್ರು ಸಣ್ಣಗ ಮಾತಾಡಿದ್ರ ನನಗ ಕೇಳ್ತಿರಲಿಲ್ಲ. ಅದಕ್ಕ ಜೋರ್ ಹೇಳ್ರಿ ಅಂದಿದ್ದೆ. ಹೊರಗ ಕೂಡ್ರಿ ಅಂದದ್ದು ಹುಡುಗ್ರಿಗೆ ಸುಮ್ನ ಹೆದರಸಾಕ. ಊಟದ ಹೊತ್ತಿಗೆ ಒಳಗ ಬಾ ಅಂತ ಯಾರೂ ಅನಲಿಲ್ಲೇನು?”

“ಇಲ್ರೀ.”

“ಮತ್ತ ನೀನರ ಬಂದು ನನಗ ಕೇಳಬಾರದಾಗಿತ್ತs?”

“ಕೇಳಾಕ ಬಂದಿದ್ರ ನಿಮಗ ಕೇಳ್ತಿರಲಿಲ್ಲಲ್ರೀ,” ಎಂದಳು ಕಾಕಿ ನನ್ನ ಪರವಾಗಿ. ಮೂವರೂ ನಕ್ಕೆವು. ಕಾಕಾ ನಗು ಮುಗಿಯುವ ಮೊದಲೇ ಎದ್ದು ಬ್ಯಾಟರಿಯನ್ನು ಕೈಗಾಡಿಗೆ ಏರಿಸಿದ.

ದೀಪ ಹಚ್ಚುವ ಹೊತ್ತಿಗೆ ಓಣಿಯಲ್ಲೆಲ್ಲ ಅವನದೇ ದನಿ. “ಹಲೋ ಹಲೋ. ಊರ ದೈವಕ್ಕ, ಎಲ್ಲಾ ಮಂದಿಗೆ ತಿಳಿಸೂದೇನಂದ್ರ, ಜೋರ್ ಹೇಳದವರು ಹೊರಗ ಕೂಡಬೇಕಂತ ತೋಟಪ್ಪ ಅಂದಿದ್ದು ಆ ಒಂದ ವಾರದ ಮಾತು. ಅದನ್ನ ತೋಟಪ್ಪ ತಿರುಗಿ ತಗೊಂಡಾನ. ಇಷ್ಟ ದಿನಾ ಯಾರೂ ತೋಟಪ್ಪಗ ಯಾಕ ಹೇಳಲಿಲ್ಲ ಅಂತ ತೋಟಪ್ಪ ಕೇಳಾಕ್ಹತ್ತಾನ!” ಮಾಬೂಬಿ ಓಡಿಬಂದು ಮೈಕ್ ಕಸಿದುಕೊಂಡು ತನ್ನದನ್ನು ಹೇಳಿದಳು. ದುಂಡವ್ವ ಎರಡೂ ಕೈಯಿಂದ ಮೈಕ್ ಹಿಡಿದು, “ನಾಯಿ ಸತ್ತೈತ್ರೆಪಾ,” ಎಂದಷ್ಟೇ ಹೇಳಿ ಕೊಟ್ಟುಬಿಟ್ಟಳು. ಓಣಿಯ ತುಂಬ ಚಪ್ಪಾಳೆ ಬಿತ್ತು. ನಾಯಿ ಸತ್ತದ್ದಕ್ಕೆ ಚಪ್ಪಾಳೆ ಹೊಡೆದದ್ದು ತಪ್ಪಾಯಿತು ಎಂದು ಆಮೇಲೆ ಕೆಲವರು ಅವಳ ಮನೆಗೆ ಹೋಗಿ ಹೇಳಿ ಬಂದರು.

ಶನಿವಾರ ಶಾಲೆ ಬಿಡುವ ಹೊತ್ತಿಗೆ ಮಾಸ್ತರರು ಮಕ್ಕಳನ್ನೆಲ್ಲ ಬೇವಿನ ಮರದ ಕೆಳಗೆ ನಿಲ್ಲಿಸಿದರು. ಸಾಹೇಬರೂ ಬಂದಿದ್ದರು. ನಾನು ಹೊಸ್ತಿಲ ಮೇಲೆ ನಿಂತು ನನ್ನ ನಿಯಮ ಹೇಳಿದೆ. “ವಾರದ ಮಾತು ವಾರಕ್ಕ.” ಮುಂದಿನ ಸಾಲಿಗೆ ಮಾತ್ರ ಕೇಳಿಸಿತು. ಅವರು ತಿರುಗಿ ಹಿಂದಿನವರಿಗೆ ಹೇಳಿದರು, ಅವರು ತಮ್ಮ ಹಿಂದಿನವರಿಗೆ. ಮಾತು ಕೈಯಿಂದ ಕೈಗೆ ಹೋಗುವ ತಂಬಿಗೆಯ ಹಾಗೆ ಮರದ ಬುಡದ ತನಕ ಹೋಯಿತು. ಒಂದು ಹನಿಯೂ ಚೆಲ್ಲಲಿಲ್ಲ.

ಸಾಹೇಬರು ಮೂಗಿನ ತುದಿ ತಿಕ್ಕಿಕೊಂಡರು. “ಹಂಗಾದ್ರ ಈ ನಿಯಮಾನೂ ವಾರಕ್ಕs ಮುಗೀತೈತಿ. ಮುಂದಿನ ವಾರದವರು ಹಳೇವನ್ನೆಲ್ಲಾ ಮತ್ತ ತಂದ್ರ?”

ಚಿಗವ್ವ ಹಿಟ್ಟಿನ ಕೈಯಲ್ಲೇ ಖೋಲಿಗೆ ಬಂದು, “ಬೇಕಂದ್ರ ತರಲಿ, ಬ್ಯಾಡಂದ್ರ ಬಿಡಲಿ. ನಿನ್ನೆ ರೊಟ್ಟಿ ಬಡದೀನಿ ಅಂತ ಇವತ್ತ ಬಡಿಯೂದು ಬಿಟ್ಟೀನೇನ್ರಿ?” ಎಂದಳು.

ಸಾಹೇಬರು ನಕ್ಕರು, ಆದರೆ ಒಪ್ಪಲಿಲ್ಲ. ಭಾನುವಾರ ಅವರ ಕಚೇರಿಯ ಗೋಡೆಗೆ ಸುಣ್ಣ ಬಳಿಸಿದ್ದಾರೆ ಎಂಬ ಸುದ್ದಿ ಬಂತು. ಊಟವಾಗುವಷ್ಟರಲ್ಲಿ ನಮ್ಮ ಗೋಡೆಯಿಂದ ಬಾಗಿಲು ಹೋಗಿತ್ತು. ಸಂಜೆ ಚಿಗವ್ವ ನನ್ನ ಮುಖ ನೋಡಿದಳು, ನಾನು ಅವಳ ಮುಖ ನೋಡಿದೆ. ಇಬ್ಬರೂ ಓಣಿಯ ಕಡೆ ಕಿವಿ ಕೊಟ್ಟು ನಿಂತೆವು. ಬಹಳ ಹೊತ್ತು ಏನೂ ಇಲ್ಲ. ಬಾಗಿಲು ಇನ್ನು ಕೈತಪ್ಪಿ ಹೋಯಿತು ಎಂದುಕೊಂಡೆ. ಅಷ್ಟರಲ್ಲಿ ತೋಟಪ್ಪ ಕಾಕಾನ ಮನೆಯಲ್ಲಿ ಯಾವುದೋ ಭಾರದ ಪೆಟ್ಟಿಗೆ ನೆಲಕ್ಕೆ ಉಜ್ಜಿದ ಸದ್ದು. ಹಿಂದೆಯೇ ಮಾಬೂಬಿಯ ಮನೆ. ದುಂಡವ್ವನ ಮನೆ. ಆಮೇಲೆ ಯಾವ ಸದ್ದು ಯಾರ ಮನೆಯದು ಎಂದು ಹೇಳಲು ಬರದ ಹಾಗೆ ಇಡೀ ಊರು ತನ್ನ ಟ್ರಂಕುಗಳನ್ನು ಎಳೆಯಿತು. ಚಿಗವ್ವ ಹುಬ್ಬೆತ್ತಿದಳು, ನಾನು ಎತ್ತಿದೆ.

ಸೋಮವಾರ ಬಾಗಿಲು ಬಂದದ್ದು ಸಾಹೇಬರ ಕಚೇರಿಗೇ.

“ಅವರೂ ಗ್ವಾಡಿ ಒರಿಸಿದ್ರು, ಅವರಿಗೂ ಬಂತು. ಸಾಹೇಬರು ಯಾರು, ನಾವ್ಯಾರು ಅಂತ ಬಾಗಲಕ್ಕೇನು ಗೊತ್ತು?” ಎಂದಳು ಚಿಗವ್ವ. ಊರೇ ಕಚೇರಿಯ ಮುಂದೆ ಸೇರಿತ್ತು. ಈ ವಾರದ ಹಿರೇತನ ಅವರದು. ಇದ್ದದ್ದೆಲ್ಲ ಇರಲಿ ಎಂದರೆ ಯಾರೂ ಏನೂ ಮಾಡುವ ಹಾಗಿರಲಿಲ್ಲ. ನಾನು ಹಳೆಯ ಪಾಟಿಚೀಲ ಹೆಗಲಿಗೆ ಹಾಕಿಕೊಂಡು, ಅದನ್ನು ಸೆರಗಿನಿಂದ ಮುಚ್ಚಿಕೊಂಡು, ಮಕ್ಕಳ ಸಾಲಿನ ಹಿಂದೆ ನಿಂತಿದ್ದೆ.

ಸಾಹೇಬರು ತಮ್ಮ ಸುಣ್ಣದ ಗೋಡೆಯನ್ನೂ ಆಡಿನ ಮುಖವನ್ನೂ ನೋಡಿದರು. ಕಿಟಕಿಯಿಂದ ಆಚೆ ಊರನ್ನು ನೋಡಿದರು. ಓಣಿಯ ಎಲ್ಲ ಕಟ್ಟೆಗಳ ಮೇಲೂ ಟ್ರಂಕುಗಳು, ಗಂಟುಗಳು ಇನ್ನೂ ಹಾಗೇ ಇದ್ದವು. “ಎಲ್ಲಾರೂ ಖಾಲಿ ಮಾಡಿದ್ರೇನು?” ಎಂದು ಕೇಳಿದರು.

“ಎಲ್ಲಾರೂ ಸರ,” ಎಂದರು ರಾಚಪ್ಪ ಮಾಸ್ತರರು. ಹೂಂ ಅಲ್ಲದ ಮಾತು ಅವರ ಬಾಯಲ್ಲಿ ನಾನು ಕೇಳಿದ್ದು ಅಪರೂಪ.

“ಆತು,” ಎಂದರು ಸಾಹೇಬರು. “ವಾರದ ಮಾತು ವಾರಕ್ಕ. ನನ್ನ ನಿಯಮ ಒಂದs. ಟೇಬಲ್ ಮ್ಯಾಲಿನ ಕಾಗದಾ ಯಾರೂ ಮುಟ್ಟಬ್ಯಾಡ್ರಿ.”

ಮಕ್ಕಳು ಟೇಬಲ್ಲಿಗೆ ತಾಗದ ಹಾಗೆ ಏಡಿಯಂತೆ ಅಡ್ಡಡ್ಡ ನಡೆದು ಒಳಗೆ ಹೋದರು. ಯಾರೂ ಕೈ ಎತ್ತಲಿಲ್ಲ, ಯಾರೂ ನಾಯಿಯನ್ನು ಕೇಳಲಿಲ್ಲ. ಕೊನೆಗೆ ನಾನು ಅಡ್ಡಡ್ಡ ನಡೆದೆ. ಸಾಹೇಬರು ನನ್ನ ಚೀಲ ನೋಡಿದರು, ಕಾಗದಗಳನ್ನು ಸ್ವಲ್ಪ ತಮ್ಮ ಕಡೆಗೆ ಎಳೆದುಕೊಂಡು ದಾರಿ ಅಗಲ ಮಾಡಿದರು. ಬೇವಿನ ಹೂವು ಅಂಗಳದ ತುಂಬ ಉದುರಿತ್ತು. ಏಳನೇ ಕ್ಲಾಸಿನ ಹೊಸ್ತಿಲಲ್ಲಿ ಚಪ್ಪಲಿ ಬಿಟ್ಟೆ.

ಬೆಳಗಿನ ಹೊತ್ತಿನಲ್ಲಿ ಆ ಕ್ಲಾಸಿಗೆ ಪಾಠದ ರುಚಿ ಸಿಕ್ಕಿದ್ದು ಎಷ್ಟೋ ವರ್ಷದ ಮೇಲೆ. ಮಾಸ್ತರರು ಹಲಗೆಯ ಮೇಲೆ ಉದ್ದನೆಯ ಲೆಕ್ಕ ಬರೆದಿದ್ದರು. ಎಲ್ಲರೂ ತಲೆ ಬಗ್ಗಿಸಿ, ನಾಲಿಗೆ ಕಚ್ಚಿಕೊಂಡು, ಬಳಪ ಕಿರ್ರೆನಿಸುತ್ತಿದ್ದರು. ಕಿಟಕಿಯ ಹತ್ತಿರದ ಬೆಂಚಿನ ತುದಿಯಲ್ಲಿ ನಿಂತೆ. ಅದು ನನ್ನ ಬೆಂಚು. ಅಲ್ಲಿದ್ದ ಹುಡುಗಿಯರ ಕಿವಿಗೆ ಕೇಳುವಷ್ಟೇ ದನಿಯಲ್ಲಿ ಹೇಳಿದೆ.

“ಒಂಚೂರು ಸರೀರಿ, ನಾನೂ ಕೂಡ್ತೀನಿ.”